ಊಹಿಸಿ ಬರೆದದ್ದಕ್ಕೆ ಮಾರ್ಕಿಲ್ಲ

ರಕ್ತನಾಳ ಹುಡುಕುವಾಗ ಅವರು ಕಣ್ಣು ಮುಚ್ಚಿಕೊಳ್ಳುತ್ತಿದ್ದರು. ತೋರುಬೆರಳನ್ನು ನಮ್ಮ ಮೊಣಕೈ ಮಡಿಕೆಯ ಮೇಲಿಟ್ಟು, ತಲೆಯನ್ನು ಸ್ವಲ್ಪ ವಾರೆ ಮಾಡಿ, ಒಳಗಿನದೇನನ್ನೋ ಕೇಳಿಸಿಕೊಳ್ಳುವವರಂತೆ ಸುಮ್ಮನಾಗುತ್ತಿದ್ದರು. ಆ ಕೈಯ ಕಿರುಬೆರಳು ಒಳಕ್ಕೆ ಬಾಗಿತ್ತು. ಚಿಕ್ಕವರಿದ್ದಾಗ ಬಾಗಿಲ ಸಂದಿಯಲ್ಲಿ ಸಿಕ್ಕಿ ಮುರಿದದ್ದಂತೆ. ನೀಲಿ ಗ್ಲೌಸ್ ಹಾಕಿಕೊಂಡಾಗ ಆ ಬೆರಳಿನ ತುದಿ ಮಾತ್ರ ಖಾಲಿಯಾಗಿ ಜೋತಾಡುತ್ತಿತ್ತು. ಸೂಜಿ ಯಾವಾಗ ಒಳಗೆ ಹೋಯಿತೆಂದು ನನಗೆ ಒಮ್ಮೆಯೂ ಗೊತ್ತಾಗಲಿಲ್ಲ.

ಸಿಡ್ನಿಯ ಕ್ವೇಕರ್ಸ್ ಹಿಲ್‌ನಲ್ಲಿ, ಸ್ಟೇಷನ್ನಿಗೆ ಹತ್ತಿರ, ರಕ್ತದ ಸ್ಯಾಂಪಲ್ ತೆಗೆದುಕೊಳ್ಳುವ ಒಂದು ಸಣ್ಣ ಸೆಂಟರ್ ಇತ್ತು. ಅವರು ಕೆಲಸ ಮಾಡುತ್ತಿದ್ದುದು ಅಲ್ಲಿ. ನಾನು ಅಲ್ಲಿಗೆ ವಾರಕ್ಕೊಮ್ಮೆ ಹೋಗುತ್ತಿದ್ದೆ. ನನಗೆ ಗರ್ಭಪಾತವಾಗಿತ್ತು. ರಕ್ತದಲ್ಲಿ ಬಸಿರಿನ ಹಾರ್ಮೋನು ಪೂರ್ತಿ ಇಳಿಯುವವರೆಗೆ ಪರೀಕ್ಷೆ ಮಾಡಿಸುತ್ತಿರಬೇಕು ಎಂದಿದ್ದರು. ಊರಿನಲ್ಲಿ ಯಾರಿಗೂ ತಿಳಿಸಿರಲಿಲ್ಲ. ಬಸಿರು ನಿಂತಿದ್ದನ್ನೇ ಇನ್ನೂ ಹೇಳಿರದ ಅಮ್ಮನಿಗೆ, ಹೋಯಿತೆಂದು ಹೇಳುವುದು ಹೇಗೆ? ನನ್ನ ಗಂಡ ಬೆಳಿಗ್ಗೆ ನಾರ್ತ್ ಸಿಡ್ನಿಯ ಆಫೀಸಿಗೆ ಹೋದರೆ ಬರುವುದು ಸಂಜೆಯೇ. ಇಬ್ಬರೂ ಆ ವಿಷಯ ಬಿಟ್ಟು ಉಳಿದೆಲ್ಲವನ್ನೂ ಮಾತಾಡುತ್ತಿದ್ದೆವು.

ಅದೇ ತಿಂಗಳುಗಳಲ್ಲಿ ನಾನು ಇಲ್ಲಿನ ಡಾಕ್ಟರುಗಳ ಪರೀಕ್ಷೆಯಲ್ಲಿ ಫೇಲಾಗಿದ್ದೆ. ಹೊರದೇಶದಲ್ಲಿ ಓದಿ ಬಂದ ಡಾಕ್ಟರು ಇಲ್ಲಿ ಕೆಲಸ ಮಾಡಬೇಕಾದರೆ ಎರಡು ಪರೀಕ್ಷೆ ದಾಟಬೇಕು. ಕಂಪ್ಯೂಟರಿನ ಮುಂದೆ ಕೂತು, ಕೊಟ್ಟ ಉತ್ತರಗಳಲ್ಲಿ ಒಂದನ್ನು ಆರಿಸುವುದು ಮೊದಲನೆಯದು. ರೋಗಿಯ ಪಾತ್ರ ಹಾಕಿ ಕೂತವರನ್ನು ಮಾತಾಡಿಸಿ, ಪರೀಕ್ಷಿಸಿ, ಏನು ಮಾಡಬೇಕೆಂದು ಹೇಳುವುದು ಎರಡನೆಯದು. ಉಡುಪಿಯ ಹತ್ತಿರದ ಆಸ್ಪತ್ರೆಯೊಂದರಲ್ಲಿ ಕೆಲಸ ಮಾಡಿ ಬಂದ ನಾನು ಮೊದಲನೆಯದರಲ್ಲೇ ಮುಗ್ಗರಿಸಿದ್ದೆ.

ಒಂದು ದಿನ ಅವರು ನಿಯಮದಂತೆ ಇಂಗ್ಲಿಷಿನಲ್ಲಿ ನನ್ನ ಹೆಸರು, ಹುಟ್ಟಿದ ದಿನ ಕೇಳಿದರು. ಆಮೇಲೆ ಟ್ಯೂಬಿಗೆ ಲೇಬಲ್ ಅಂಟಿಸುತ್ತ, ಕನ್ನಡದಲ್ಲಿ ಕೇಳಿದರು. ಹೊರಗೆ ಕಾಯುವಾಗ ನಾನು ಗಂಡನೊಂದಿಗೆ ಫೋನಿನಲ್ಲಿ ಆಡಿದ ಮಾತು ಕಿವಿಗೆ ಬಿದ್ದಿರಬೇಕು.

"ಉಡುಪಿ ಕಡೆಯವರೇನ್ರಿ?"

"ಹೌದು. ನೀವು?"

"ಹುಬ್ಬಳ್ಳಿ." ನನ್ನ ಬ್ಯಾಗಿನಿಂದ ಇಣುಕುತ್ತಿದ್ದ ದಪ್ಪ ಪುಸ್ತಕದ ಕಡೆ ನೋಡಿದರು. "ಪರೀಕ್ಷಾ ಕಟ್ಟೀರೇನು?"

"ಕಟ್ಟಿದ್ದೆ. ಆಗ್ಲಿಲ್ಲ. ದಿನಾ ಪ್ರಶ್ನೆ ಮಾಡ್ತೇನೆ. ಟ್ರೈನಲ್ಲಿ, ಅಡುಗೆ ಮಾಡುವಾಗ, ಮೊಬೈಲಲ್ಲೇ ಉಂಟಲ್ಲ."

"ಉತ್ತರಾ ಯಾವಾಗ ನೋಡ್ತೀರಿ?"

"ಅಲ್ಲೇ. ಒತ್ತಿದ ಕೂಡ್ಲೇ ಬರ್ತದೆ."

"ಅದು ಗಿರ್ಮಿಟ್ ತಿಂದಂಗ ಆತು. ಬಾಯಿ ಆಡತೈತಿ, ಹೊಟ್ಟಿ ತುಂಬೂದಿಲ್ಲ," ಎಂದು ಹತ್ತಿ ಒತ್ತಿ ಹಿಡಿದರು. "ಶನಿವಾರ ಮಧ್ಯಾಹ್ನ ಬರ್ರಿ. ನಾನೂ ಕಟ್ಟಿದಾಕೀನ. ಊರಾಗ ಹೆರಿಗಿ ಡಾಕ್ಟರ್ ಇದ್ದೆ."

ಶನಿವಾರದ ಪಾಠ ನಡೆಯುತ್ತಿದ್ದುದು ಸಬರ್ಬಿನ ಕಮ್ಯುನಿಟಿ ಸೆಂಟರಿನ ಹಿಂದಿನ ಕೋಣೆಯಲ್ಲಿ. ಪಕ್ಕದ ಹಾಲ್‌ನಲ್ಲಿ ಮಕ್ಕಳ ಕರಾಟೆ ಕ್ಲಾಸು. ಗೋಡೆಯಾಚೆಯ ಕೂಗು ನಮ್ಮ ಪ್ರಶ್ನೆಗಳ ನಡುವೆ ಬಂದು ಬೀಳುತ್ತಿತ್ತು. ಪರೀಕ್ಷೆ ಕಟ್ಟಿದ ಬೇರೆ ಬೇರೆ ಕಡೆಯ ಡಾಕ್ಟರುಗಳು ಬರುತ್ತಿದ್ದರು, ಪಾಸಾದವರು ಬಿಡುತ್ತಿದ್ದರು, ಹೊಸಬರು ಸೇರುತ್ತಿದ್ದರು. ಬಿಡದೆ ಇದ್ದವರು ಅವರೊಬ್ಬರೇ. ಅವರನ್ನು ಏನೆಂದು ಕರೆಯಲಿ ಎಂದು ಕೇಳಿದಾಗ, "ನಮ್ಮ ಕಡೆ ಕಲಿಸಾಕಿಗೆ ಅಕ್ಕೋರು ಅಂತಾರ," ಎಂದರು. ಮೊದಲ ದಿನ 'ರೀ' ಹಚ್ಚಿ ಮಾತಾಡಿದವರು ಎರಡನೆಯ ವಾರಕ್ಕೆಲ್ಲ ನನ್ನನ್ನು 'ನೀನು' ಎನ್ನತೊಡಗಿದ್ದರು. ಅದರಿಂದ ನನಗೆ ಹಾಯೆನಿಸಿತು.

ಅವರ ಕ್ರಮ ಕಟ್ಟುನಿಟ್ಟು. ಪೂರ್ತಿ ಉದ್ದದ ಅಣಕು ಪರೀಕ್ಷೆಯನ್ನು ನಡುವೆ ಏಳದೆ ಕೂತು ಮಾಡಿ ಮುಗಿಸಬೇಕು. ಮೊಬೈಲು ಅವರ ಕೈಚೀಲದೊಳಗೆ ಹೋಗಬೇಕು. ಪ್ರತಿ ಉತ್ತರದ ಪಕ್ಕದಲ್ಲಿ, ಸರಿಯುತ್ತರ ನೋಡುವ ಮೊದಲೇ, 'ಗೊತ್ತು' ಅಥವಾ 'ಊಹೆ' ಎಂದು ನಾವೇ ಗುರುತು ಹಾಕಬೇಕು. ಕೊನೆಗೆ ಎಣಿಸುವಾಗ ಊಹಿಸಿ ಸರಿಯಾದದ್ದೂ ಅವರ ಲೆಕ್ಕದಲ್ಲಿ ತಪ್ಪೇ.

"ಇದು ಅನ್ಯಾಯ ಅಕ್ಕೋರೆ. ನಿಜವಾದ ಪರೀಕ್ಷೆಯಲ್ಲಿ ಅದಕ್ಕೂ ಮಾರ್ಕ್ಸ್ ಸಿಗ್ತದಲ್ಲ," ಎಂದೆ ಮೊದಲ ಸಲ.

"ಅವರು ಕೊಡ್ಲಿ, ನಾ ಯಾಕ ಬ್ಯಾಡ ಅನ್ಲಿ? ನಿನಗ ನೀನು ಕೊಡಬ್ಯಾಡ. ರೋಗಿ ಮುಂದ ಕುಂತಾಗ ಊಹೆ ಯಾವುದು, ಗೊತ್ತಿದ್ದದ್ದು ಯಾವುದು ಅಂತ ನಿನಗರ ತಿಳಿದಿರಬೇಕು."

ತಪ್ಪುಗಳನ್ನು ಅವರು ಬಿಡಿಸಿ ನೋಡುತ್ತಿದ್ದ ರೀತಿಯೂ ಹಾಗೆಯೇ. ಓದೇ ಇರಲಿಲ್ಲವೋ, ಓದಿ ಮರೆತದ್ದೋ, ಗೊತ್ತಿದ್ದೂ ಪ್ರಶ್ನೆಯನ್ನು ಸರಿಯಾಗಿ ಓದಲಿಲ್ಲವೋ ಎಂದು ನಮ್ಮಿಂದಲೇ ಹೇಳಿಸುತ್ತಿದ್ದರು. ಯಾರಾದರೂ ನೆಪ ಹೇಳಲು ಹೊರಟರೆ "ಆಗಲಿ, ಮುಂದಿಂದು," ಎಂದುಬಿಡುತ್ತಿದ್ದರು. ಬೈಯುತ್ತಿರಲಿಲ್ಲ, ಹೊಗಳುತ್ತಲೂ ಇರಲಿಲ್ಲ. ನಡುವಿನ ಬಿಡುವಿನಲ್ಲಿ ಪ್ರಶ್ನೆಗಳ ಮಾತೆತ್ತುವ ಹಾಗಿರಲಿಲ್ಲ. ಡಬ್ಬಿಯಿಂದ ಜೋಳದ ರೊಟ್ಟಿ, ಶೇಂಗಾ ಚಟ್ನಿ ತೆಗೆದು ಎಲ್ಲರಿಗೂ ಮುರಿದು ಕೊಡುತ್ತಿದ್ದರು. ಇಲ್ಲಿ ಸಿಗುವ ಜೋಳದ ಹಿಟ್ಟಿಗೆ ಜಿಗುಟೇ ಇಲ್ಲ, ರೊಟ್ಟಿ ಬಡಿಯುವಾಗ ಅಂಚು ಒಡೆಯುತ್ತದೆ ಎಂಬುದು ಅವರ ಕಾಯಂ ದೂರು. ಬೇರೆ ಯಾವುದರ ಬಗ್ಗೆಯೂ ಅವರು ದೂರಿದ್ದನ್ನು ನಾನು ಆಗ ಕೇಳಿರಲಿಲ್ಲ.

ಅವರ ಬದುಕಿನ ಕಥೆ ನನಗೆ ಚೂರುಚೂರಾಗಿ ತಿಳಿಯಿತು. ಧಾರವಾಡದ ಕಡೆಯ ತಾಲ್ಲೂಕು ಆಸ್ಪತ್ರೆಯೊಂದರಲ್ಲಿ ಹಲವು ವರ್ಷ ಹೆರಿಗೆ ಮಾಡಿಸಿದವರು. ಗಂಡನಿಗೆ ಇಲ್ಲಿ ಕಾಯಂ ನೆಲೆಸುವ ಪಿಆರ್ ಸಿಕ್ಕಿ, ಶಾಲೆಗೆ ಹೋಗುವ ಮಗಳೊಂದಿಗೆ ಸಿಡ್ನಿಗೆ ಬಂದರು. ಇವರು ಓದಿ ಪರೀಕ್ಷೆ ಬರೆಯುವುದೆಂದು ಮಾತಾಗಿತ್ತು. ಬಂದ ಕೆಲವೇ ವರ್ಷಕ್ಕೆ ಗಂಡ ಹೃದಯಾಘಾತದಿಂದ ಹೋಗಿಬಿಟ್ಟರು. ಮನೆ ನಡೆಯಬೇಕಾಗಿತ್ತು, ರಕ್ತ ತೆಗೆಯುವ ಕೆಲಸ ಹಿಡಿದರು. ಮೊದಲ ಪರೀಕ್ಷೆಯನ್ನು ಒಂದೇ ಸಲಕ್ಕೆ ಪಾಸು ಮಾಡಿದರು. ರೋಗಿಯನ್ನು ಮಾತಾಡಿಸುವ ಎರಡನೆಯ ಪರೀಕ್ಷೆಯಲ್ಲಿ ಮತ್ತೆ ಮತ್ತೆ ಬೀಳುತ್ತಿದ್ದರು.

"ಅಷ್ಟು ವರ್ಷ ನಾ ಹೇಳಿದ್ದನ್ನ ಮಂದಿ ಕೇಳ್ಯಾರ. ಇಲ್ಲಿ ನಾ ಮಂದೀನ ಕೇಳಬೇಕಂತ. 'ನಿಮಗೇನನಸ್ತದ, ನಿಮಗೇನು ಹೆದರಿಕಿ ಐತಿ' ಅಂತ. ಬಾಯಿಗೆ ಬರೂದ ಇಲ್ಲ ನೋಡು," ಎನ್ನುತ್ತಿದ್ದರು.

ನನ್ನ ತೊಂದರೆಯನ್ನು ಕಂಡುಹಿಡಿದವರು ಅವರು. ಕೆಲವು ಶನಿವಾರಗಳ ಅಣಕು ಪರೀಕ್ಷೆಗಳನ್ನು ಒಟ್ಟಿಗೆ ಹರಡಿಕೊಂಡು, ನನ್ನ ತಪ್ಪುಗಳು ಎಲ್ಲಿವೆ ನೋಡು ಎಂದರು. ಮೊದಲರ್ಧದಲ್ಲಿ ಹೆಚ್ಚು ತಪ್ಪಿರಲಿಲ್ಲ. ಕೊನೆಯ ಭಾಗದಲ್ಲಿ ಸಾಲುಸಾಲಾಗಿ ಇದ್ದವು, ಅವುಗಳಲ್ಲಿ ಬಹುಪಾಲು ನನಗೆ ಚೆನ್ನಾಗಿ ಗೊತ್ತಿದ್ದ ವಿಷಯಗಳೇ. 'ಯಾವುದು ಸರಿಯಲ್ಲ' ಎಂದು ಕೇಳಿದಲ್ಲಿ ಸರಿಯಾದದ್ದನ್ನು ಒತ್ತಿ ಬಂದಿದ್ದೆ.

"ನಿನಗ ಓದು ಕಮ್ಮಿ ಇಲ್ಲವಾ. ನೀ ದಣದೀದಿ," ಎಂದರು. "ಎಷ್ಟು ದಿನ ಆತು ನೆಟ್ಟಗ ನಿದ್ದಿ ಮಾಡಿ?"

ನಾನು ಹರಡಿದ್ದ ಹಾಳೆಗಳನ್ನು ಜೋಡಿಸತೊಡಗಿದೆ.

"ಮುಂದಿನ ಶನಿವಾರ ಬರಬ್ಯಾಡ. ಅದರ ಮುಂದಿಂದೂ ಬ್ಯಾಡ. ಪುಸ್ತಕ ಮುಟ್ಟಬ್ಯಾಡ. ಉಣ್ಣು, ಮಕ್ಕೋ, ಗಂಡನ್ನ ಕರಕೊಂಡು ಎಲ್ಲೆರ ಹೋಗು."

ಮನೆಗೆ ಬಂದು ಹೇಳಿದಾಗ ನನ್ನ ಗಂಡ ನಂಬಲಿಲ್ಲ. ಓದು ಎನ್ನುವ ಟೀಚರುಗಳನ್ನು ಕಂಡಿದ್ದೇನೆ, ಓದಬೇಡ ಎನ್ನುವವರನ್ನು ಇದೇ ಮೊದಲು ಕೇಳಿದ್ದು ಎಂದು ನಕ್ಕರು. ಅವರು ನಗದೆಯೂ ತುಂಬ ದಿನವಾಗಿತ್ತು. ಆ ಭಾನುವಾರ ಸಮುದ್ರದ ಕಡೆ ಹೋದೆವು. ಮರಳಿನ ಮೇಲೆ ಕೂತಾಗ ಅವರೇ ಮಗುವಿನ ವಿಷಯ ಎತ್ತಿದರು. ಹೆಸರು ಕೂಡ ಯೋಚಿಸಿಟ್ಟಿದ್ದರಂತೆ, ನನಗೆ ಹೇಳಿರಲಿಲ್ಲ.

ಮೊದಲ ಪರೀಕ್ಷೆ ನಾನು ಎರಡನೆಯ ಪ್ರಯತ್ನದಲ್ಲಿ ಪಾಸಾದೆ. ಫೋನ್ ಮಾಡಿ ತಿಳಿಸಿದರೆ ಅಕ್ಕೋರು, "ಚಲೋ ಆತು. ಶನಿವಾರ ಬಾ, ಮುಂದಿಂದು ಸುರು ಮಾಡೂಣು," ಎಂದರು. ಅಲ್ಲಿಂದ ನಾವಿಬ್ಬರೂ ಒಂದೇ ಪರೀಕ್ಷೆಗೆ ಕೂರುವವರಾದೆವು. ಒಬ್ಬರು ಡಾಕ್ಟರು, ಒಬ್ಬರು ರೋಗಿ, ಮೂರನೆಯವರು ಪರೀಕ್ಷಕರು. ರೋಗಿಯಾದವರು ಏನು ಹೇಳಬೇಕೆಂಬುದು ಒಂದೊಂದು ಚೀಟಿಯಲ್ಲಿ ಬರೆದಿರುತ್ತಿತ್ತು. ಯಾರೂ ಮೂರನೆಯವರು ಬರದ ದಿನ ರೋಗಿಯಾದವರೇ ಕೊನೆಗೆ ಮಾರ್ಕು ಹಾಕಬೇಕು.

ಅಂಥ ಒಂದು ದಿನ, ಇಬ್ಬರೇ ಇದ್ದಾಗ, ನಾನು ರೋಗಿಯ ಚೀಟಿ ತೆಗೆದೆ. ಗರ್ಭಪಾತವಾದ ಹೆಣ್ಣುಮಗಳ ಚೀಟಿ. ಅಕ್ಕೋರು ನನ್ನ ಮುಖ ನೋಡಿ, ಕೈಯಿಂದ ಚೀಟಿ ತೆಗೆದುಕೊಂಡು ಓದಿದರು. ವಾರವಾರವೂ ನನ್ನ ರಕ್ತ ತೆಗೆದವರು, ಯಾವ ಪರೀಕ್ಷೆಗೆಂದು ಅವರಿಗೆ ಮೊದಲಿನಿಂದಲೂ ತಿಳಿದಿತ್ತು. ಒಮ್ಮೆಯೂ ಮಾತೆತ್ತಿರಲಿಲ್ಲ.

"ಬ್ಯಾರೆ ತಗೀ," ಎಂದರು.

"ಬೇಡ ಅಕ್ಕೋರೆ. ಪರೀಕ್ಷೆಯಲ್ಲಿ ಬಂದ್ರೆ ಬೇರೆ ತೆಗೀಲಿಕ್ಕೆ ಆಗ್ತದಾ? ಮಾಡುವ."

ಚೀಟಿಯನ್ನು ಮರಳಿ ತೆಗೆದುಕೊಂಡು ಟೈಮರ್ ಒತ್ತಿದೆ. ಅವರು ಇಂಗ್ಲಿಷಿನಲ್ಲಿ ಶುರು ಮಾಡಿದರು, ಅವರ ಎಂದಿನ ಗಡಸು ದನಿಯಲ್ಲಿ. ನಾನು ಚೀಟಿಯಲ್ಲಿ ಬರೆದಂತೆ ಹೇಳುತ್ತ ಹೋದೆ. 'ಇದು ನನ್ನ ತಪ್ಪಿನಿಂದ ಆಯಿತಾ ಡಾಕ್ಟರ್' ಎಂಬ ಸಾಲಿಗೆ ಬಂದಾಗ ದನಿ ಒಡೆಯಿತು. ಅದು ಚೀಟಿಯಲ್ಲಿದ್ದ ಸಾಲೇ, ಆದರೆ ನಾನು ಅಷ್ಟು ತಿಂಗಳಿಂದ ಯಾರನ್ನೂ ಕೇಳಲಾಗದೆ ಇಟ್ಟುಕೊಂಡ ಪ್ರಶ್ನೆಯೂ ಅದೇ. ನಾನೂ ಡಾಕ್ಟರು, ಉತ್ತರ ನನಗೆ ಗೊತ್ತಿತ್ತು. ಗೊತ್ತಿದ್ದೂ ಬೇರೆಯವರ ಬಾಯಿಂದ ಕೇಳಬೇಕಿತ್ತು.

ಅಕ್ಕೋರು ಎದ್ದು ಬಂದು ನನ್ನ ತಲೆಯನ್ನು ತಮ್ಮ ಹೊಟ್ಟೆಗೆ ಒತ್ತಿ ಹಿಡಿದರು. ಅವರ ಯೂನಿಫಾರ್ಮಿಗೆ ಸ್ಪಿರಿಟ್ಟಿನ ವಾಸನೆ. ಇಂಗ್ಲಿಷು ಹೋಗಿ ಕನ್ನಡ ಬಂದಿತ್ತು.

"ಇಲ್ಲ ಕೂಸ. ನೀ ಏನೂ ಮಾಡಿಲ್ಲ. ನೀ ಕುಂತದ್ದಕ್ಕಲ್ಲ, ನಿಂತದ್ದಕ್ಕಲ್ಲ, ಓದಿದ್ದಕ್ಕಲ್ಲ. ಎಷ್ಟೊ ಮಂದಿಗೆ ಹಿಂಗ ಆಗತೈತಿ, ಯಾರೂ ಹೇಳೂದಿಲ್ಲ. ನನಗೂ ಆಗಿತ್ತು, ನನ್ನ ಮಗಳಿಗಿಂತ ಮೊದಲ."

ಟೈಮರ್ ಬಡಿದುಕೊಂಡಿತು. ಯಾರೂ ಆರಿಸಲಿಲ್ಲ. ತಾನಾಗಿ ನಿಂತಿತು. ಬಹಳ ಹೊತ್ತಿನ ಮೇಲೆ ನಾನು ಮುಖ ತೊಳೆದು ಬಂದೆ. ಅವರು ತಮ್ಮ ಕುರ್ಚಿಯಲ್ಲಿ ಕೂತಿದ್ದರು.

"ಈಗ ಹೇಳು. ನಾ ಪಾಸೋ ಫೇಲೋ?"

ಅವರೇ ಕಲಿಸಿದ್ದು. ಸುಳ್ಳು ಹೇಳಲು ಬರಲಿಲ್ಲ. "ಫೇಲ್ ಅಕ್ಕೋರೆ. ರಕ್ತ ಎಷ್ಟು ಹೋಗ್ತಾ ಉಂಟು ಅಂತ ನೀವು ಕೇಳ್ಲೇ ಇಲ್ಲ. ಜ್ವರ ಕೇಳ್ಲಿಲ್ಲ. ಯಾವಾಗ ತಿರುಗಿ ಬರ್ಬೇಕು ಅಂತ ಹೇಳ್ಲಿಲ್ಲ."

ಅವರು ನಕ್ಕರು. ಅಷ್ಟು ದಣಿದ ನಗೆಯನ್ನು ನಾನು ಕಂಡಿರಲಿಲ್ಲ. "ಖರೇ ಹೇಳಿದಿ. ನನಗ ಇವೆರಡೂ ಕೂಡಿ ಬರೂದಿಲ್ಲ. ಕೇಳಾಕ ಹತ್ತಿದ್ರ ಪೊಲೀಸ್ ಆಗತೀನಿ, ಸಮಾಧಾನ ಮಾಡಾಕ ಹತ್ತಿದ್ರ ಅವ್ವ ಆಗತೀನಿ. ಡಾಕ್ಟರ್ ಆಗಬೇಕಲಾ."

ಆಮೇಲಿನ ತಿಂಗಳುಗಳಲ್ಲಿ ಅವರು ಆ ಒಂದನ್ನೇ ಹಿಡಿದು ಕೂತರು. ನಾವು ಅದೇ ಚೀಟಿಗಳನ್ನು ಮತ್ತೆ ಮತ್ತೆ ಮಾಡಿದೆವು. ತಾವು ಮಾಡಿದ್ದನ್ನು ಮೊಬೈಲಿನಲ್ಲಿ ರೆಕಾರ್ಡ್ ಮಾಡಿ, ಮಧ್ಯಾಹ್ನದ ಊಟದ ಬಿಡುವಿನಲ್ಲಿ ಕಿವಿಗೆ ಹಚ್ಚಿಕೊಂಡು ಕೇಳುತ್ತಿದ್ದರು. ಎಲ್ಲಿ ದನಿ ಗಡಸಾಯಿತು, ಎಲ್ಲಿ ರೋಗಿಯ ಮಾತನ್ನು ತುಂಡರಿಸಿದೆ ಎಂದು ತಮ್ಮ ಮೇಲೆ ತಾವೇ ಗುರುತು ಹಾಕಿಕೊಂಡರು. ನಮಗೆ ತೋರಿಸದ ನಿಷ್ಠುರತೆಯನ್ನು ತಮಗೆ ತೋರಿಸಿಕೊಂಡರು.

ಅಷ್ಟರಲ್ಲಿ ನನ್ನ ಗಂಡನ ಕೆಲಸ ಮೆಲ್ಬರ್ನಿಗೆ ಬದಲಾಯಿತು. ಕ್ರಾನ್‌ಬರ್ನ್‌ನಲ್ಲಿ ಮನೆ ಮಾಡಿದೆವು. ನಾನು ಎರಡನೆಯ ಪರೀಕ್ಷೆಯನ್ನೂ ದಾಟಿ ಆಸ್ಪತ್ರೆಯೊಂದಕ್ಕೆ ಸೇರಿದೆ. ಅಕ್ಕೋರ ಪರೀಕ್ಷೆಯೂ ಮೆಲ್ಬರ್ನಿನಲ್ಲೇ ನಿಗದಿಯಾದಾಗ ನಮ್ಮ ಮನೆಗೆ ಬಂದು ಉಳಿದರು. ಬೆಳಿಗ್ಗೆ ಇಸ್ತ್ರಿ ಮಾಡಿದ ಬಿಳಿ ಅಂಗಿ ಹಾಕಿಕೊಂಡು ಕಾರು ಹತ್ತಿದವರು ದಾರಿಯುದ್ದಕ್ಕೂ ತಮ್ಮ ರೆಕಾರ್ಡಿಂಗನ್ನೇ ಕೇಳುತ್ತಿದ್ದರು. ಇಳಿಯುವಾಗ, "ಇದ ಕಡೀದು. ಆದ್ರ ಆತು, ಇಲ್ಲಾಂದ್ರ ಇಲ್ಲ," ಎಂದರು. ಸಂಜೆ ಕರೆದುಕೊಂಡು ಬರಲು ಹೋದಾಗ ಫುಟ್‌ಪಾತಿನ ಬೆಂಚಿನ ಮೇಲೆ ಕಾಲು ಚಾಚಿ ಕೂತಿದ್ದರು. ಹೇಗಾಯಿತೆಂದು ಕೇಳಿದರೆ, "ಪಾಸ್ ಆಗತೀನಿ. ಗೊತ್ತಾತು," ಎಂದರು. ರಿಸಲ್ಟ್ ಬಂದಾಗ ಹಾಗೆಯೇ ಆಗಿತ್ತು.

ಕಥೆ ಅಲ್ಲಿಗೆ ಮುಗಿದಿದ್ದರೆ ಚೆನ್ನಾಗಿತ್ತು. ಅವರು ಸಿಡ್ನಿಯ ಆಸ್ಪತ್ರೆಗಳಿಗೆ ಅರ್ಜಿ ಹಾಕಿದರು, ಆಮೇಲೆ ದೂರದ ಊರುಗಳಿಗೆ, ಆಮೇಲೆ ನಾವು ಹೆಸರೂ ಕೇಳಿರದ ಊರುಗಳಿಗೆ. ಇತ್ತೀಚಿನ ವರ್ಷಗಳಲ್ಲಿ ಡಾಕ್ಟರಾಗಿ ಕೆಲಸ ಮಾಡಿದ ಅನುಭವವಿಲ್ಲ ಎಂಬುದು ಎಲ್ಲರ ಉತ್ತರ. ನನ್ನ ಮೇಲಿನವರನ್ನು ನಾನೂ ಕೇಳಿ ನೋಡಿದೆ. ಪಾಪ, ಒಳ್ಳೆಯವರೇ, ಅವರೂ ಅದನ್ನೇ ಹೇಳಿದರು.

"ಕೆಲಸ ಮಾಡಿಲ್ಲಂತ ಕೆಲಸ ಕೊಡೂದಿಲ್ಲಂತ," ಎಂದರು ಅಕ್ಕೋರು ಫೋನಿನಲ್ಲಿ. "ಪರೀಕ್ಷಾ ಆಗಿದ್ರ ಮತ್ತ ಕಟ್ಟತಿದ್ದೆ. ಇದಕ್ಕೇನು ಕಟ್ಟೂದು?" ಅವರು ಹಾಗೆ ದೂರಿದ್ದನ್ನು ನಾನು ಕೇಳಿದ್ದು ಅದೊಂದೇ ಸಲ. ಒಂದೆರಡು ವರ್ಷದ ಮೇಲೆ ಅರ್ಜಿ ಹಾಕುವುದನ್ನು ನಿಲ್ಲಿಸಿದರು. ಶನಿವಾರದ ಪಾಠ ನಿಲ್ಲಿಸಲಿಲ್ಲ.

ನನಗೆ ಮಗಳು ಹುಟ್ಟಿದಾಗ ಅಮ್ಮನ ವೀಸಾ ತಡವಾಯಿತು. ಕೇಳದೆಯೇ ಅಕ್ಕೋರು ರಜೆ ಹಾಕಿ ಕ್ರಾನ್‌ಬರ್ನ್‌ಗೆ ಬಂದರು. ನಮ್ಮ ಬಾತ್‌ರೂಮಿನ ನೆಲದ ಮೇಲೆ ಟವೆಲ್ ಹಾಸಿ ಕೂತು, ಕಾಲು ಚಾಚಿ, ಮಗುವನ್ನು ಮೊಣಕಾಲ ಮೇಲೆ ಮಲಗಿಸಿಕೊಂಡು ಎಣ್ಣೆ ಹಚ್ಚಿ ಎರೆಯುತ್ತಿದ್ದರು. ನನ್ನ ಸೊಂಟಕ್ಕೆ ಬಟ್ಟೆ ಕಟ್ಟಿ, ಅಳವಿ ಪಾಯಸ ಮಾಡಿ ಮುಂದೆ ಕೂತು ಕುಡಿಸಿದರು. ಒಂದು ಮಧ್ಯಾಹ್ನ ಮಲಗಿದ ಮಗುವನ್ನು ನೋಡುತ್ತ, "ಭಾಳ ವರ್ಷದ ಮ್ಯಾಲ ಕೂಸಿನ ಮೈ ಮುಟ್ಟಿದೆ," ಎಂದರು. ಎಷ್ಟೋ ಕೂಸುಗಳನ್ನು ಮೊದಲು ಮುಟ್ಟಿದ ಕೈ ಅದು.

ಹೋದ ವರ್ಷ ಅವರ ಮಗಳಿಂದ ಫೋನ್ ಬಂತು. ಮೇದೋಜೀರಕದ ಕ್ಯಾನ್ಸರ್, ಆಗಲೇ ಹಬ್ಬಿತ್ತು. ನಾನು ಸಿಡ್ನಿಗೆ ಹೋದಾಗ ಆಸ್ಪತ್ರೆಯ ಹಾಸಿಗೆಯಲ್ಲಿ ಇಷ್ಟೇ ಇಷ್ಟಾಗಿ ಮಲಗಿದ್ದರು. ಸ್ಕ್ಯಾನ್ ರಿಪೋರ್ಟ್ ಹೇಳಲು ಒಬ್ಬ ಚಿಕ್ಕ ವಯಸ್ಸಿನ ಡಾಕ್ಟರ್ ಬಂದ. ಮಂಚದ ಕಾಲ ಬಳಿ ನಿಂತು ಲಿವರ್, ಲಿಂಫ್ ಎಂದು ಓದತೊಡಗಿದ. ಕಣ್ಣು ಹಾಳೆಯಿಂದ ಮೇಲೇಳಲಿಲ್ಲ.

ಅಕ್ಕೋರು ಕೈಯೆತ್ತಿ ತಡೆದರು. ಕುರ್ಚಿ ಎಳೆದುಕೊಂಡು ಕೂರಲು ಇಂಗ್ಲಿಷಿನಲ್ಲಿ ಹೇಳಿದರು. ಅವನು ಕೂತ. ನನಗೆ ಈಗಾಗಲೇ ಏನು ಗೊತ್ತಿದೆ ಎಂದು ಮೊದಲು ಕೇಳು, ಆಮೇಲೆ ಹೇಳು ಎಂದರು. ಅವನು ಕೇಳಿದ. ಅವರು ತಮಗೆ ಗೊತ್ತಿದ್ದನ್ನೆಲ್ಲ ಹೇಳಿದರು, ಅವನಿಗೆ ಹೇಳಲು ಹೆಚ್ಚೇನೂ ಉಳಿಯಲಿಲ್ಲ. ಸುಮ್ಮನೆ ಅವರ ಕೈ ಹಿಡಿದುಕೊಂಡ. ಅವನು ಹೋದ ಮೇಲೆ, "ಪಾಸ್," ಎಂದರು ನನ್ನ ಕಡೆ ತಿರುಗಿ. ಮಗಳು ಮುಖ ಆಚೆ ತಿರುಗಿಸಿ, "ಅಮ್ಮ, ಪ್ಲೀಸ್, ಜಸ್ಟ್ ರೆಸ್ಟ್," ಎಂದಳು.

ಸಂಜೆ ಹೊರಡುವಾಗ ನಾಳೆಯ ಡ್ಯೂಟಿ ಬಿಟ್ಟು ಇಲ್ಲೇ ಉಳಿಯುತ್ತೇನೆ ಎಂದೆ. "ಬ್ಯಾಡ. ಅಲ್ಲಿ ನಿನ್ನ ದಾರಿ ಕಾಯೋರು ಅದಾರ," ಎಂದು ಕಣ್ಣು ಮುಚ್ಚಿದರು. ಅದೇ ಕೊನೆಯ ಮಾತು.

ಸಿಡ್ನಿಯ ಚಿತಾಗಾರದಲ್ಲಿ ನಮಗೆ ಕೊಟ್ಟ ಹೊತ್ತು ಕಡಿಮೆ. ಹೊರಗೆ ಇನ್ನೊಂದು ಕುಟುಂಬ ಕಾಯುತ್ತಿತ್ತು. ಅವರ ಬಗ್ಗೆ ನಾಲ್ಕು ಮಾತಾಡುವಂತೆ ಮಗಳು ಕೇಳಿಕೊಂಡಳು. ವಿಮಾನದಲ್ಲಿ ಏನೇನೋ ಯೋಚಿಸಿಕೊಂಡು ಬಂದಿದ್ದೆ. ಅವರು ನನಗೆ ಪರೀಕ್ಷೆ ಪಾಸು ಮಾಡಿಸಿದ್ದು, ನನ್ನ ಮಗುವಿಗೆ ಎರೆದದ್ದು, ನನ್ನ ದುಃಖವನ್ನು ಮೊದಲು ಕಂಡದ್ದು. ಎದ್ದು ನಿಂತ ಮೇಲೆ ಅದೊಂದೂ ಬರಲಿಲ್ಲ. ಎಲ್ಲರಿಗೂ ತಿಳಿಯಲಿ ಎಂದು ಇಂಗ್ಲಿಷಿನಲ್ಲೇ, ಇವರು ಡಾಕ್ಟರಾಗಿದ್ದರು, ಹೆರಿಗೆ ಡಾಕ್ಟರು, ಎಂದೆ. ಅಷ್ಟೇ ಹೇಳಿ ಬಂದು ಕೂತೆ.

ಹಿಂದಿನ ಸಾಲಿನಲ್ಲಿ ಬ್ಲಡ್ ಸೆಂಟರಿನ ಇಬ್ಬರು ಹೆಂಗಸರು ಯೂನಿಫಾರ್ಮಿನಲ್ಲೇ ಬಂದು ಕೂತಿದ್ದರು. ಒಬ್ಬರನ್ನೊಬ್ಬರು ನೋಡಿಕೊಂಡರು. ಹೊರಗೆ ಬಂದಾಗ ಅವರಲ್ಲಿ ಹಿರಿಯಳು ನನ್ನ ತೋಳು ಹಿಡಿದು, ಅವರು ಡಾಕ್ಟರಾಗಿದ್ದದ್ದು ನಿಜವೇ ಎಂದು ಕೇಳಿದಳು. ಇಷ್ಟು ವರ್ಷ ಅವಳು ಅಕ್ಕೋರ ಪಕ್ಕದ ಕುರ್ಚಿಯಲ್ಲಿ ಕೂತು ಊಟ ಮಾಡಿದವಳು. ಅವಳಿಗೆ ಯಾರೂ ಹೇಳಿರಲಿಲ್ಲ.